ಸೈಲೇಜ್ ಹುಳಿ ವಾಸನೆ ಬರಬೇಕು, ಆದರೆ ಯಾವ ಹುಳಿ?

ಬೇಸಿಗೆಗೆ ಅಂತ ಮುಸುಕಿನ ಜೋಳದ ಸೈಲೇಜ್ ತುಂಬಿಟ್ಟವರು ಈಗ ಚೀಲ ಬಿಚ್ಚುತ್ತಿದ್ದೀರಿ. ಹುಳಿ ವಾಸನೆ ಬಂದರೆ ಸರಿ ಅಂದುಕೊಂಡು ಹಸುವಿನ ಮುಂದೆ ಸುರಿಯಬೇಡಿ. ನಮ್ಮ ತೋಟದ ಹಸುಗಳಿಗೆ ಹಾಕೋ ಮೊದಲು ನಾನು ಮೂಸಿಯೇ ನೋಡೋದು.

ಚೆನ್ನಾಗಿ ಹದವಾದ ಸೈಲೇಜ್‌ನಲ್ಲಿ ಹೆಚ್ಚಿರೋದು ಲ್ಯಾಕ್ಟಿಕ್ ಆಮ್ಲ, ಮೊಸರಿನ ಹುಳಿಯೂ ಅದೇ. ತಮಾಷೆ ಅಂದ್ರೆ ಅದಕ್ಕೆ ವಾಸನೆ ಇಲ್ಲ ಅಂತಲೇ ಹೇಳಬಹುದು. ಅದು ನೀರನ್ನು ಬಿಟ್ಟು ಗಾಳಿಗೆ ಏಳಲ್ಲ, ಗಾಳಿಗೆ ಏಳದ್ದು ಮೂಗಿಗೆ ಹೇಗೆ ಬಂದೀತು? ನಮಗೆ ತಿಳಿಯೋ ನಸುಹುಳಿ ವಾಸನೆ ಅಸಿಟಿಕ್ ಆಮ್ಲದ್ದು. ಎರಡೇ ಕಾರ್ಬನ್‌ನ ಈ ಸಣ್ಣ ಅಣುವೇ ವಿನೆಗರ್‌ನಲ್ಲಿರೋದು. ಸ್ವಲ್ಪ ಇದ್ದರೆ ಒಳ್ಳೆಯದೇ, ಬೂಷ್ಟು ತಡೆಯುತ್ತೆ. ಮೂಗು ಚುರುಗುಟ್ಟುವಷ್ಟು ಇದ್ದರೆ ಹಸು ಮೇವು ಕಮ್ಮಿ ತಿನ್ನುತ್ತೆ.

ಹೆದರಬೇಕಾದ್ದು ನಾಲ್ಕು ಕಾರ್ಬನ್‌ನ ಬ್ಯುಟಿರಿಕ್ ಆಮ್ಲಕ್ಕೆ. ಹೆಸರು ಬಂದದ್ದು ಬೆಣ್ಣೆಯ ಲ್ಯಾಟಿನ್ ಪದದಿಂದ. ತಾಜಾ ಬೆಣ್ಣೆಯಲ್ಲಿ ಅದು ಕೊಬ್ಬಿಗೆ ಕಟ್ಟಿಕೊಂಡಿರುತ್ತೆ, ನಾತ ಇರಲ್ಲ. ಆ ಕಟ್ಟು ಬಿಚ್ಚಿದರೆ ಕಮಟು ಬೆಣ್ಣೆಯ, ವಾಂತಿಯ ವಾಸನೆ. (ಹೋತದ ಗಬ್ಬು ಕೂಡ ಇದೇ ಮನೆತನದ್ದು, ಆರು, ಎಂಟು, ಹತ್ತು ಕಾರ್ಬನ್‌ನ ಆಮ್ಲಗಳಿಗೆ ಆಡಿನ ಲ್ಯಾಟಿನ್ ಹೆಸರನ್ನೇ ಇಟ್ಟಿದ್ದಾರೆ.)

ಸೈಲೇಜ್‌ನಲ್ಲಿ ಇದನ್ನು ತಯಾರಿಸೋದು ಕ್ಲಾಸ್ಟ್ರಿಡಿಯಂ ಬ್ಯಾಕ್ಟೀರಿಯಾ. ಮೇವು ತೀರಾ ಹಸಿ ಇದ್ದು, ಮಣ್ಣು ಸೇರಿ, ಪಿಎಚ್ 4ರ ಹತ್ತಿರಕ್ಕೆ ಬೇಗ ಇಳಿಯದಿದ್ದರೆ ಇವು ಲ್ಯಾಕ್ಟಿಕ್ ಆಮ್ಲವನ್ನೇ ತಿಂದು ಬ್ಯುಟಿರಿಕ್ ಮಾಡುತ್ತವೆ. ಬಲವಾದ ಆಮ್ಲ ಹೋಗಿ ದುರ್ಬಲ ಆಮ್ಲ ಬಂತು, ಪಿಎಚ್ ಮತ್ತೆ ಏರಿತು, ಅವಕ್ಕೆ ಇನ್ನೂ ಅನುಕೂಲ.

ಒಂದು ಹಿಡಿ ತೆಗೆದು ಅಂಗೈಯಲ್ಲಿ ಉಜ್ಜಿ ಮೂಸಿ, ಕೈ ಶಾಖಕ್ಕೆ ಆಮ್ಲ ಮೇಲೇಳುತ್ತೆ. ಕಮಟು ನಾತ ಬಂದು, ಕೈ ತೊಳೆದ ಮೇಲೂ ಬಿಡದಿದ್ದರೆ ಬ್ಯುಟಿರಿಕ್ ಅಂತಲೇ ತಿಳಿಯಿರಿ. ಅಂಥದ್ದನ್ನು ಈಚೆಗೆ ಕರು ಹಾಕಿದ ಹಸುವಿಗೆ ಕೊಡಲೇಬೇಡಿ. ಮೆಲುಕು ಹೊಟ್ಟೆಯ ಗೋಡೆಯಲ್ಲಿ ಅದು ಕೀಟೋನ್ ಆಗಿ ಬದಲಾಗಿ ಕೀಟೋಸಿಸ್‌ಗೆ ದಾರಿ ಮಾಡುತ್ತೆ; ಹಸು ಮೇವು ಬಿಡುತ್ತೆ, ಹಾಲು ಇಳಿಯುತ್ತೆ. ಸುಣ್ಣದ ನೀರು ಚಿಮುಕಿಸಿದರೆ ವಾಸನೆ ಹೋಗಲ್ವಾ ಅಂತ ಕೇಳೋರಿದ್ದಾರೆ. ಕಮ್ಮಿ ಆಗುತ್ತೆ, ಯಾಕಂದ್ರೆ ಆಮ್ಲ ಲವಣವಾದರೆ ಗಾಳಿಗೆ ಏಳಲ್ಲ. ಆದರೆ ಹೊಟ್ಟೆಗೆ ಹೋಗೋ ಬ್ಯುಟಿರಿಕ್ ಅಷ್ಟೇ ಇರುತ್ತೆ, ಮೂಗಿಗೆ ಮಾತ್ರ ಮೋಸ. ನಾನಾದ್ರೆ ಕಾಂಪೋಸ್ಟ್ ಗುಂಡಿಗೆ ಹಾಕ್ತೀನಿ.

ಮುಂದಿನ ಸಲ ತುಂಬುವಾಗ ಕತ್ತರಿಸಿದ ಮೇವನ್ನು ಮುಷ್ಟಿಯಲ್ಲಿ ಗಟ್ಟಿಯಾಗಿ ಹಿಂಡಿ. ನೀರು ತೊಟ್ಟಿಕ್ಕಿದರೆ ಇನ್ನೂ ಹಸಿ, ತುಂಬಬೇಡಿ. ತೇವಾಂಶ ಶೇ 65ರಿಂದ 70 ಇರಲಿ. ಗಾಳಿ ಹೊರಹೋಗುವಂತೆ ಚೆನ್ನಾಗಿ ತುಳಿದು ಅದೇ ದಿನ ಬಾಯಿ ಕಟ್ಟಿ.