ಚಳಿನಾಡಿನ ಗಾಜಿನ ಮನೆಯಲ್ಲಿ ಲಿಲ್ಲಿ ಬೇಸಾಯ

ಹಾಲೆಂಡಿನಲ್ಲಿ ಡಿಸೆಂಬರ್ ಚಳಿ ಕೊರೆಯುತ್ತಿರುವಾಗಲೂ ಗಾಜಿನ ಮನೆಗಳಲ್ಲಿ ಲಿಲ್ಲಿ ಹೂ ಕೊಯ್ಲಾಗುತ್ತಿರುತ್ತದೆ. ಒಳಗೆ ಬಿಸಿ ಮಾಡಿದರೆ ಸಾಕು, ಹೂ ಬರುತ್ತದೆಂದು ನೀವು ಭಾವಿಸಬಹುದು. ಆದರೆ ಲಿಲ್ಲಿಗೆ ಮೊದಲು ಬೇಕಾದುದು ಚಳಿಯೇ.

ಹೊಲದಿಂದ ಅಗೆದ ಗಡ್ಡೆ ನಿದ್ರಾವಸ್ಥೆಯಲ್ಲಿರುತ್ತದೆ. ಅದನ್ನು ಒದ್ದೆಯಾದ ಪೀಟ್ ಪುಡಿಯಲ್ಲಿ ಹೂತು, ಶೈತ್ಯಾಗಾರದಲ್ಲಿ ಸುಮಾರು 2 ಡಿಗ್ರಿ ಸೆಂಟಿಗ್ರೇಡ್ ಉಷ್ಣತೆಯಲ್ಲಿ 6–8 ವಾರ ಇಟ್ಟರೆ ಮಾತ್ರ ಸಮನಾಗಿ ಮೊಳೆಯುತ್ತದೆ. ಬಳಿಕ ಶೂನ್ಯಕ್ಕಿಂತ ಒಂದೆರಡು ಡಿಗ್ರಿ ಕೆಳಗೆ ಹೆಪ್ಪುಗಟ್ಟಿಸಿ ತಿಂಗಳುಗಟ್ಟಲೆ ಕಾದಿಡುತ್ತಾರೆ. ಡಿಸೆಂಬರಿನ ಹೂವಿಗೆ ನೆಟ್ಟ ಗಡ್ಡೆ ಹಿಂದಿನ ವರ್ಷ ಅಗೆದದ್ದೂ ಆಗಿರಬಹುದು!

ನಾಟಿಯಲ್ಲೇ ಹೆಚ್ಚಿನವರು ಎಡವುವುದು. ಈರುಳ್ಳಿಯಂತೆ ಮೇಲ್ಮೇಲೆ ನೆಡಬೇಡಿ. ಗಿಡವನ್ನು ಸಾಕುವ ಬೇರುಗಳು ಗಡ್ಡೆಯ ಮೇಲಿನ ಕಾಂಡದಿಂದಲೂ ಹೊರಡುತ್ತವೆ. ಆದ್ದರಿಂದ ಗಡ್ಡೆಯ ಮೇಲೆ 8–10 ಸೆಂ.ಮೀ. ಮಣ್ಣಿರಬೇಕು. ಈ ಬೇರು ಇಳಿಯುವವರೆಗೆ, ಅಂದರೆ ಮೊದಲ ಮೂರು ವಾರ, ಮಣ್ಣಿನ ಉಷ್ಣತೆ 12–13 ಡಿಗ್ರಿ ಮೀರಕೂಡದು. ಅವಸರಪಟ್ಟು ಬಿಸಿ ಕೊಟ್ಟರೆ ಕಾಂಡ ಗಿಡ್ಡ, ಮೊಗ್ಗು ಕಡಿಮೆ.

ಅಲ್ಲಿ ಡಿಸೆಂಬರಿನ ಹಗಲು ಎಂಟು ತಾಸೂ ಇಲ್ಲ. ಬೆಳಕು ಸಾಲದೆ ಏಷ್ಯಾಟಿಕ್ ತಳಿಗಳ ಎಳೆ ಮೊಗ್ಗು ಬಿಳಿಚಿಕೊಂಡು ಉದುರುತ್ತದೆ. ಅದಕ್ಕೇ ದೀಪ ಉರಿಸುತ್ತಾರೆ. ಈ ಖರ್ಚು ಸಣ್ಣದಲ್ಲ.

ನಮ್ಮಲ್ಲಿ ಬೆಳಕಿಗೆ ಬರವಿಲ್ಲ, ತಂಪಿಗೆ ಬರ. ಪಾಲಿಹೌಸಿಗೆ ಹಾಲೆಂಡಿನ ಗಡ್ಡೆ ತರಿಸುವವರು ನೆರಳುಬಲೆ ಕಟ್ಟಿ ಮಣ್ಣನ್ನು ಮೊದಲೇ ತಂಪಾಗಿಸಿರಿ. ಹೆಪ್ಪುಗಟ್ಟಿದ ಗಡ್ಡೆ ಬಂದರೆ ಪ್ಲಾಸ್ಟಿಕ್ ಹೊದಿಕೆ ಬಿಚ್ಚಿ, 10–15 ಡಿಗ್ರಿಯಲ್ಲಿ ನಿಧಾನವಾಗಿ ಕರಗಿಸಿ ಕೂಡಲೇ ನೆಡಿರಿ. ಕರಗಿದ್ದನ್ನು ಮತ್ತೆ ಹೆಪ್ಪುಗಟ್ಟಿಸಿದರೆ ಒಳಗಿನ ಕುಡಿ ಕೆಡುತ್ತದೆ.