ರೂಮಿನಲ್ಲಿ ಬೆಂದ ಭಜ್ಜಿ

2024ರ ಡಿಸೆಂಬರ್ 30, ಸೋಮವಾರ. ಎಳ್ಳ ಅಮಾವಾಸ್ಯೆ. ಆ ದಿನ ನಮ್ಮ ಬೀದರ್ ಜಿಲ್ಲೆಯಲ್ಲಿ ಊರಿಗೆ ಊರೇ ಬುತ್ತಿ ಕಟ್ಟಿಕೊಂಡು ಹೊಲಕ್ಕೆ ಹೋಗುತ್ತದೆ. ಚರಗ ಚೆಲ್ಲಿ, ಬೆಳೆ ನಡುವೆ ಕುಳಿತು ಭಜ್ಜಿ, ಸಜ್ಜೆ ರೊಟ್ಟಿ, ಅಂಬಲಿ ಹೊಟ್ಟೆ ತುಂಬ ಉಣ್ಣುವ ಹಬ್ಬ. ನಾನು ಮಾತ್ರ ಬೀದರ್ ನಗರದ ಬಾಡಿಗೆ ರೂಮಿನಲ್ಲಿ ಪುಸ್ತಕ ಹಿಡಿದು ಕುಳಿತಿದ್ದೆ. ಔರಾದ್ ತಾಲ್ಲೂಕಿನ ನಮ್ಮೂರು ಅಂಥ ದೂರವೇನಲ್ಲ. ಆದರೆ ಒಂದು ವಿಷಯ ಬ್ಯಾಕ್ ಉಳಿದಿತ್ತು, ಎರಡು ದಿನಕ್ಕೆ ಅದರ ಪರೀಕ್ಷೆ.

ಬೇರೆ ಕಡೆಯವರಿಗೆ ಭಜ್ಜಿ ಎಂದರೆ ಎಣ್ಣೆಯಲ್ಲಿ ಕರಿದದ್ದು. ನಮ್ಮದು ಹಾಗಲ್ಲ, ಚಮಚ ನಿಲ್ಲುವಷ್ಟು ಗಟ್ಟಿ ಸಾರು. ಹಸಿ ತೊಗರಿಕಾಳು, ಅವರೆ, ಬಟಾಣಿ, ಹಸಿ ಕಡಲೆ, ಶೇಂಗಾ, ಮೆಂತ್ಯ, ಪಾಲಕ್, ಬದನೆಕಾಯಿ, ಗಜ್ಜರಿ ಹೀಗೆ ಆ ಕಾಲಕ್ಕೆ ಹೊಲದಲ್ಲಿ, ಸಂತೆಯಲ್ಲಿ ಸಿಕ್ಕಿದ್ದೆಲ್ಲ ಒಂದೇ ಪಾತ್ರೆಯಲ್ಲಿ. ಮೇಲೆ ಹುಣಸೆ ರಸ, ಕಡಲೆ ಹಿಟ್ಟು. ಗಡಿಯಾಚೆ ಲಾತೂರ್ ಕಡೆಯ ಮರಾಠಿ ಮಂದಿಯೂ ಅದೇ ದಿನ ಹೊಲದಲ್ಲಿ ಇದನ್ನೇ ಉಣ್ಣುತ್ತಾರೆ.

"ಹಬ್ಬದ ದಿನ ಮ್ಯಾಗಿ ತಿಂತೀಯೇನಲೇ?" ಎಂದ ಭಾಲ್ಕಿಯ ರೂಮ್‌ಮೇಟ್. ಇಬ್ಬರೂ ಚಿಲ್ಲರೆ ಎಣಿಸಿದೆವು. ಹಸಿ ಕಾಳು ತರುವಷ್ಟು ಇರಲಿಲ್ಲ. ಓಣಿಯ ಕಿರಾಣಿ ಅಂಗಡಿಯಲ್ಲಿ ತೊಗರಿಬೇಳೆಯ ಅರ್ಧ ಬೆಲೆಗೂ ಕಡಿಮೆಗೆ ಹಳದಿ ಬಟಾಣಿ ಬೇಳೆ ಸಿಕ್ಕಿತು. ಎರಡು ಗಜ್ಜರಿ, ಒಂದು ಬದನೆಕಾಯಿ, ಒಂದು ಕಟ್ಟು ಮೆಂತ್ಯ, ಹಿಡಿ ಶೇಂಗಾ. ಇಷ್ಟೇ.

ತಾಸು ನೆನೆಸಿದ ಬೇಳೆಗೆ ತರಕಾರಿ, ಹುಣಸೆ ರಸ, ಉಪ್ಪು ಎಲ್ಲ ಒಮ್ಮೆಗೇ ಸುರಿದು ಕುಕ್ಕರ್ ಮುಚ್ಚಿದೆ. ಐದು ಸೀಟಿ ಹೊಡೆದರೂ ಬೇಳೆ ಕಲ್ಲಿನಂತೆ ಇತ್ತು, ತರಕಾರಿ ಕರಗಿಹೋಗಿತ್ತು. ಅವ್ವನಿಗೆ ಫೋನ್ ಮಾಡಿದೆ. ಹೊಲದಲ್ಲೇ ಇದ್ದಳು, ಹಿಂದೆ ಮಂದಿಯ ಗದ್ದಲ. "ಹುಳಿ ಮೊದ್ಲೇ ಹಾಕಿದ್ರ ಬ್ಯಾಳಿ ಬೇಯ್ತದೇನೋ ಯಪ್ಪಾ? ಬ್ಯಾಳಿ ಮೆತ್ತಗಾದ ಮ್ಯಾಲ ಹುಳಿ" ಎಂದು ನಕ್ಕಳು. ಹುಳಿ ಇದ್ದರೆ ಕಾಳಿನ ಕಣಗಳನ್ನು ಹಿಡಿದಿಟ್ಟ ಪೆಕ್ಟಿನ್ ಬೇಗ ಕರಗುವುದಿಲ್ಲ. ಮೊದಲ ವರ್ಷ ಕೆಮಿಸ್ಟ್ರಿ ಪಾಸಾದವನಿಗೆ ಇದು ಹೊಳೆದಿರಲಿಲ್ಲ!

ಉಳಿದ ಬೇಳೆಯನ್ನು ಬರೀ ನೀರಿನಲ್ಲಿ ಮೆತ್ತಗೆ ಬೇಯಿಸಿ, ಮಸೆದು, ಹಳೆಯದರೊಳಗೆ ಕೂಡಿಸಿದೆವು. ಮೆಂತ್ಯ ಹಾಕಿ ಕುದಿಸಿ, ಎರಡು ಚಮಚ ಕಡಲೆ ಹಿಟ್ಟು ಗಂಟಿಲ್ಲದಂತೆ ಕಲಸಿ ಬಿಟ್ಟು, ಹಸಿಮೆಣಸು ಬೆಳ್ಳುಳ್ಳಿ ಜಜ್ಜಿ ಒಗ್ಗರಣೆ ಕೊಟ್ಟೆವು. ಅಲ್ಲೊಂದು ಇಲ್ಲೊಂದು ಗಟ್ಟಿ ಬೇಳೆ ಹಲ್ಲಿಗೆ ಸಿಕ್ಕರೂ ರೂಮು ತುಂಬ ಹಬ್ಬದ ವಾಸನೆ.

ಅಪ್ಪ ಫೋನ್ ತೆಗೆದುಕೊಂಡ. "ಯಾವ ಬ್ಯಾಳಿ ತಂದೀರಿ?"

"ಬಟಾಣಿ ಬ್ಯಾಳಿ. ಅಗ್ಗ ಸಿಕ್ತು."

ಸ್ವಲ್ಪ ಹೊತ್ತು ಮಾತಿಲ್ಲ. "ಅದು ಹೊರದೇಶದ್ದು. ಅದು ಬಂದೇ ನಮ್ಮ ತೊಗರಿ ರೇಟ್ ಇಳೀಲಾಕತ್ತದ" ಎಂದ. ನನಗೆ ಆಗ ಅದು ಅಪ್ಪನ ಎಂದಿನ ಗೊಣಗಾಟ ಅನ್ನಿಸಿತು. ರಾತ್ರಿ ಓದಿ ನೋಡಿದೆ. ಬೇಳೆ ದರ ಏರಿದ್ದರಿಂದ 2023ರ ಡಿಸೆಂಬರ್‌ನಲ್ಲಿ ಕೇಂದ್ರ ಸರ್ಕಾರ ಹಳದಿ ಬಟಾಣಿಯ ಆಮದು ಸುಂಕ ತೆಗೆದಿತ್ತು. ಕೆನಡಾ, ರಷ್ಯಾದಿಂದ ಹಡಗುಗಟ್ಟಲೆ ಬಂತು. ತೊಗರಿ ದರಕ್ಕೆ ಅದೊಂದೇ ಕಾರಣ ಇರಲಿಕ್ಕಿಲ್ಲ, ಹೊಸ ರಾಶಿಯೂ ಆಗಲೇ ಮಾರುಕಟ್ಟೆಗೆ ಬರುತ್ತದೆ. ಆದರೂ ಸರ್ಕಾರ ಸುಂಕ ತೆಗೆದದ್ದು ಚಿಲ್ಲರೆ ಎಣಿಸಿ ಬೇಳೆ ಕೊಳ್ಳುವ ನಮ್ಮಂಥವರಿಗಾಗಿ. ಅದೇ ತಿಂಗಳು ತೊಗರಿ ರಾಶಿ ಮಾಡಿ ಮಾರಿ ಅಪ್ಪ ನನ್ನ ಫೀಸು ಕಟ್ಟಬೇಕಿತ್ತು. ಅಗ್ಗದ ಬೇಳೆ ಬೇಕಾದವನೂ ನಾನೇ, ತೊಗರಿಗೆ ದರ ಬೇಕಾದವನೂ ನಾನೇ.

ಪರೀಕ್ಷೆ ಮುಗಿದ ಮರುದಿನ ಅಪ್ಪನ ಫೋನ್ ಬಂತು. "ಬಸ್ಟ್ಯಾಂಡಿಗಿ ಹೋಗು. ಔರಾದ್ ಬಸ್ಸಿನಾಗ ಚೀಲ ಇಟ್ಟೀನಿ." ಚೀಲದಲ್ಲಿ ಮನೆಯ ತೊಗರಿಬೇಳೆ, ಮೂರು ಕಿಲೋ. ಜೊತೆಗೆ ಹಳೆ ಪೇಪರಿನಲ್ಲಿ ಸುತ್ತಿದ ಹುಣಸೆಹಣ್ಣು.