ಹಲ್ಲಿನ ನೋವೂ ಮರಗಟ್ಟಿಸುವ ಮದ್ದೂ

ಹಲ್ಲುನೋವು ಬಂದೊಡನೆ ದಂತವೈದ್ಯರ ಬಳಿಗೆ ಹೋಗುವವರು ವಿರಳ. ಮೊದಲು ಲವಂಗ, ಆಮೇಲೆ ಉಪ್ಪುನೀರು, ಕೊನೆಗೆ ನೋವಿನ ಗುಳಿಗೆ. ಹೀಗೆ ದಿನಗಳನ್ನು ನೂಕುತ್ತೇವೆ. ಸೂಜಿಯ ಭಯದಿಂದ ನಾನೂ ಒಂದು ದವಡೆಹಲ್ಲಿನ ನೋವನ್ನು ಮೂರು ತಿಂಗಳು ಸಾಕಿದೆ. ಕಡೆಗೆ ಕೆನ್ನೆ ಊದಿಕೊಂಡು ವೈದ್ಯರ ಕುರ್ಚಿಯಲ್ಲಿ ಕುಳಿತಾಗ, ಎರಡು ಸಲ ಸೂಜಿ ಚುಚ್ಚಿದರೂ ಹಲ್ಲು ಮರಗಟ್ಟಲಿಲ್ಲ. ಮದ್ದು ಹಳೆಯದಿರಬೇಕೆಂದು ಮನಸ್ಸಿನಲ್ಲಿಯೇ ಶಂಕಿಸಿದೆ. ಆದರೆ ದೋಷವಿದ್ದುದು ಮದ್ದಿನಲ್ಲಲ್ಲ, ನನ್ನ ಮೂರು ತಿಂಗಳಿನಲ್ಲಿ. ಅದು ಹೇಗೆಂಬುದನ್ನು ಅರಿಯಲು ಈ ಮದ್ದುಗಳ ಪರಿಚಯ ಸ್ವಲ್ಪ ಬೇಕು.

1884ರಲ್ಲಿ ವಿಯೆನ್ನಾದ ತರುಣ ವೈದ್ಯ ಕಾರ್ಲ್ ಕೋಲರ್ ಕೊಕೇನಿನ ಹನಿಗಳಿಂದ ಕಣ್ಣನ್ನು ಮರಗಟ್ಟಿಸಬಹುದೆಂದು ತೋರಿಸಿಕೊಟ್ಟರು. ಅದೇ ವರ್ಷ ಅಮೆರಿಕದ ಶಸ್ತ್ರವೈದ್ಯ ವಿಲಿಯಂ ಹಾಲ್‌ಸ್ಟೆಡ್ ಅದನ್ನು ಕೆಳದವಡೆಯ ನರದ ಬಳಿ ಚುಚ್ಚಿ ಹಲ್ಲುಗಳ ನೋವನ್ನು ತಡೆದರು. ಆದರೆ ಮದ್ದೇ ಮಾರಿಯಾಯಿತು. ತಮ್ಮ ಮೇಲೆಯೇ ಪ್ರಯೋಗ ನಡೆಸುತ್ತ ಹಾಲ್‌ಸ್ಟೆಡ್ ಕೊಕೇನಿನ ಚಟಕ್ಕೆ ಸಿಲುಕಿದರು.

ಚಟ ಹತ್ತಿಸದ ಮದ್ದು ಬಂದುದು 1905ರಲ್ಲಿ. ಜರ್ಮನಿಯ ಆಲ್‌ಫ್ರೆಡ್ ಐನ್‌ಹಾರ್ನ್ ರೂಪಿಸಿದ ಪ್ರೊಕೇನ್, ನೊವೊಕೇನ್ ಎಂಬ ಹೆಸರಿನಿಂದ ಲೋಕಪ್ರಸಿದ್ಧವಾಯಿತು. ಆದರೂ ಅದರ ಪ್ರಭಾವ ತಡವಾಗಿ ತೊಡಗಿ ಬೇಗನೆ ಇಳಿಯುತ್ತಿತ್ತು; ಕೆಲವರ ಮೈಗೆ ಒಗ್ಗುತ್ತಲೂ ಇರಲಿಲ್ಲ. 1943ರಲ್ಲಿ ಸ್ವೀಡನ್ನಿನ ನಿಲ್ಸ್ ಲೋಫ್‌ಗ್ರೆನ್ ಲಿಡೊಕೇನನ್ನು ಸಿದ್ಧಪಡಿಸಿದರು. ಅವರ ಸಂಗಡಿಗ ಬೆಂಗ್ಟ್ ಲುಂಡ್‌ಕ್ವಿಸ್ಟ್ ಅದನ್ನು ತಮ್ಮ ದೇಹದ ಮೇಲೆಯೇ ಪರೀಕ್ಷಿಸಿಕೊಂಡರು. ಒಗ್ಗದಿರುವ ಪ್ರಸಂಗ ಇದರಲ್ಲಿ ಅತಿ ವಿರಳ. ಇಂದಿಗೂ ದಂತವೈದ್ಯರ ಸೂಜಿಯಲ್ಲಿ ಹೆಚ್ಚಾಗಿ ಇರುವುದು ಇದೇ.

ಹಾಗಾದರೆ ಉಳಿದವುಗಳೇಕೆ? ಲಿಡೊಕೇನ್ ರಕ್ತನಾಳಗಳನ್ನು ಹಿಗ್ಗಿಸುವುದರಿಂದ ರಕ್ತದೊಡನೆ ಬೇಗ ಹರಿದುಹೋಗುತ್ತದೆ. ಒಂದನ್ನೇ ಚುಚ್ಚಿದರೆ ಹಲ್ಲಿನ ಒಳತಿರುಳು ಕೆಲವೇ ನಿಮಿಷ ಮರಗಟ್ಟೀತು. ರಕ್ತನಾಳಗಳನ್ನು ಕುಗ್ಗಿಸುವ ಅಡ್ರಿನಲಿನ್ ಅತ್ಯಲ್ಪವಾಗಿ, ಸಾಮಾನ್ಯವಾಗಿ 80,000ಕ್ಕೆ ಒಂದು ಪಾಲಿನಂತೆ, ಬೆರೆತಾಗ ಸುಮಾರು ಒಂದು ಗಂಟೆ ನಿಲ್ಲುತ್ತದೆ. ತುಟಿಯ ಜೋಮು ಮೂರರಿಂದ ಐದು ಗಂಟೆ ಉಳಿಯುತ್ತದೆ. ಹೃದ್ರೋಗದ ದೆಸೆಯಿಂದ ಅಡ್ರಿನಲಿನ್ ಸಲ್ಲದವರಿಗೆ ಮೆಪಿವಕೇನ್ ಅನುಕೂಲ. ಅದು ನಾಳಗಳನ್ನು ಅಷ್ಟಾಗಿ ಹಿಗ್ಗಿಸದು, ಒಂಟಿಯಾಗಿಯೂ 20ರಿಂದ 40 ನಿಮಿಷ ಕೆಲಸ ಮಾಡುತ್ತದೆ. 1976ರಲ್ಲಿ ಜರ್ಮನಿಯಲ್ಲಿ ಬಳಕೆಗೆ ಬಂದ ಆರ್ಟಿಕೇನ್ ಮೂಳೆಯೊಳಕ್ಕೆ ಚೆನ್ನಾಗಿ ಇಳಿಯುತ್ತದೆ. ಬಹುಪಾಲು ರಕ್ತದಲ್ಲಿಯೇ ಬೇಗನೆ ಒಡೆದುಹೋಗುತ್ತದೆ. ಬ್ಯುಪಿವಕೇನ್ ನಿಧಾನಿ, ಆದರೆ ಹಲವು ಗಂಟೆ ಬಿಡದು. ಬುದ್ಧಿಹಲ್ಲನ್ನು ತೆಗೆದ ಬಳಿಕದ ನೋವಿಗೆ ಅದು ಒಳ್ಳೆಯದು. ಅರಿಯದೆ ತುಟಿ ಕಚ್ಚಿಕೊಳ್ಳುವ ಮಕ್ಕಳಿಗೆ ಸಲ್ಲದು.

ಇವೆಲ್ಲವೂ ಮಾಡುವ ಕೆಲಸ ಒಂದೇ. ನರದೊಳಕ್ಕೆ ಸೋಡಿಯಂ ನುಗ್ಗದಂತೆ ಬಾಗಿಲು ಮುಚ್ಚಿ, ನೋವಿನ ಸುದ್ದಿ ಮಿದುಳನ್ನು ಮುಟ್ಟದಂತೆ ತಡೆಯುವುದು. ಅದಕ್ಕೆ ಮದ್ದು ಮೊದಲು ನರದ ಕೊಬ್ಬಿನ ಪೊರೆಯನ್ನು ದಾಟಬೇಕು. ಕೀವು ತುಂಬಿ ಊದಿದ ಜಾಗದಲ್ಲಿ ಆಮ್ಲೀಯತೆ ಹೆಚ್ಚು. ಅಲ್ಲಿ ಮದ್ದಿನ ಕಣಗಳು ವಿದ್ಯುದಂಶವನ್ನು ಹೊತ್ತು ಪೊರೆಯ ಹೊರಗೇ ನಿಂತುಬಿಡುತ್ತವೆ. ನನ್ನ ಹಲ್ಲಿಗೆ ಒದಗಿದ್ದೂ ಇದೇ ಗತಿ. ನೋವಿಗೆ ಅಂಜಿ ಕಾದೆ. ಕಾದುದರಿಂದಲೇ ನೋವನ್ನು ತಡೆಯುವ ಮದ್ದು ಸೋತಿತು.

ವೈದ್ಯರು ಅಂದು ಕೀವನ್ನು ಹರಿಯಬಿಟ್ಟು ಔಷಧ ಕೊಟ್ಟು ಕಳುಹಿಸಿದರು. ವಾರ ಕಳೆದ ಮೇಲೆ ಅದೇ ಮದ್ದು, ಅದೇ ಸೂಜಿ. ಹಲ್ಲು ಕಿತ್ತುದೇ ತಿಳಿಯಲಿಲ್ಲ. ಆದರೆ ಹಲ್ಲು ಹೋಯಿತು. ಮೊದಲೇ ಬಂದಿದ್ದರೆ ತುಂಬಿಸಿ ಉಳಿಸಬಹುದಿತ್ತೆಂದು ಅವರು ಹೇಳಿದ ಮಾತು ಮಾತ್ರ ಇಂದಿಗೂ ಚುಚ್ಚುತ್ತದೆ.

ಆದುದರಿಂದ ಯಾವ ಮದ್ದು ಶ್ರೇಷ್ಠವೆಂಬ ಚಿಂತೆ ನಮಗೆ ಬೇಡ. ಅದನ್ನು ಆರಿಸುವವರು ವೈದ್ಯರು. ಹೃದಯದ ತೊಂದರೆ, ರಕ್ತದೊತ್ತಡ, ಗರ್ಭ, ಸೇವಿಸುತ್ತಿರುವ ಔಷಧಗಳು, ಹಿಂದೆ ಒಗ್ಗದೆ ಹೋದ ಮದ್ದು, ಇವನ್ನು ಮುಚ್ಚಿಡದೆ ಹೇಳುವುದು ನಮ್ಮ ಕರ್ತವ್ಯ. ಬೇಗ ಹೋಗುವುದು ಅದಕ್ಕಿಂತ ಮೊದಲ ಕರ್ತವ್ಯ. ಉಗುರಿನಿಂದ ಹೋಗುವುದಕ್ಕೆ ಕೊಡಲಿ ಬೇಕಾಗುವವರೆಗೆ ಕಾಯುವುದೇಕೆ?